ಅಳಿದ ನಾದ ಎಲ್ಲಿಗೆ ಹೋಗುತ್ತದೆ?

ನಿಮ್ಮ ಕಾಲ್ಪನಿಕ ಲೋಕದಲ್ಲಿ ಪ್ರತಿ ಕಂಪನಕ್ಕೂ ಒಂದು ಎದುರು ಕಂಪನವಿದೆ, ಎರಡೂ ಕೂಡಿದರೆ ಶೂನ್ಯ; ಇಂಥ ಜೋಡಿಗಳು ಹದಿನಾರು ಸಾಕೇ, ಮೂವತ್ತೆರಡು ಬೇಕೇ ಎಂದು ಕೇಳಿದ್ದೀರಿ. ಇದೇ ಸಿದ್ಧಾಂತದ ಮೇಲೆ ನಾನೂ ಒಂದು ಕಾದಂಬರಿ ಕಟ್ಟಿದ್ದೆ.

ಚಿತ್ರದುರ್ಗದಲ್ಲಿ ಬೆಳೆದವನಿಗೆ ಮಾಯಾಲೋಕವೆಂದರೆ ಕಣ್ಣ ಮುಂದೆ ಬರುವುದು ಏಳು ಸುತ್ತಿನ ಕೋಟೆ. ನನ್ನ ಲೋಕದಲ್ಲೂ ಏಳು ಸುತ್ತು, ಒಂದೊಂದು ಬಾಗಿಲನ್ನು ಕಾಯಲು ಒಂದೊಂದು ಮೂಲನಾದ. ಅದರ ಪ್ರತಿನಾದವನ್ನು ಬಲ್ಲವರು ಬಂದು ನುಡಿಸಿದರೆ ಎರಡೂ ಅಳಿದು ಬಾಗಿಲು ಕಳಚಿ ಬೀಳುತ್ತದೆ. ಬೆಂಕಿಗೆ ಹಿಮ, ಬೆಳಕಿಗೆ ಕತ್ತಲೆ, ಕಲ್ಲಿಗೆ ಗಾಳಿ ಎಂದು ದೊಡ್ಡ ಕೋಷ್ಟಕವನ್ನೇ ಬರೆದು ಗೋಡೆಗೆ ಅಂಟಿಸಿಕೊಂಡಿದ್ದೆ. ಒಂದು ವಾರಪತ್ರಿಕೆ ಧಾರಾವಾಹಿಯಾಗಿ ಪ್ರಕಟಿಸಲು ಒಪ್ಪಿತು. ಆರಂಭದ ಕಂತುಗಳಿಗೆ ಒಳ್ಳೆಯ ಪತ್ರಗಳೂ ಬಂದವು. ಆಮೇಲೆ ದಾವಣಗೆರೆಯ ಭೌತಶಾಸ್ತ್ರದ ಉಪನ್ಯಾಸಕರೊಬ್ಬರು ಒಂದೇ ಸಾಲು ಬರೆದರು: ‘ಅಳಿದ ನಾದದ ಶಕ್ತಿ ಎಲ್ಲಿಗೆ ಹೋಯಿತು?’

ಮಾಯಾಲೋಕಕ್ಕೆ ಭೌತಶಾಸ್ತ್ರ ಏಕೆ ಎಂದು ನಾನು ವಾದಿಸಿದೆ. ಆದರೆ ಅವರ ಪ್ರಶ್ನೆ ಕಥೆಯ ಬುಡಕ್ಕೇ ಬಿದ್ದ ಪೆಟ್ಟಾಗಿತ್ತು. ಏನನ್ನು ಬೇಕಾದರೂ ಪುಕ್ಕಟೆಯಾಗಿ ಅಳಿಸಬಹುದಾದ ಲೋಕದಲ್ಲಿ ಯಾರಿಗೂ ಭಯವಿರುವುದಿಲ್ಲ. ಎರಡನೆಯ ಬಾಗಿಲಿನಲ್ಲಿ ಶತ್ರು ನುಡಿಸಿದ, ನಾಯಕಿ ಪ್ರತಿನಾದ ನುಡಿಸಿದಳು, ಮೌನ. ಮೂರನೆಯ ಬಾಗಿಲಿನಲ್ಲೂ ಅದೇ, ನಾಲ್ಕನೆಯದರಲ್ಲೂ ಅದೇ. ಐದನೆಯದು ಬರುವ ಹೊತ್ತಿಗೆ ಓದುಗರಿಗೆ ಎಲ್ಲವೂ ಮೊದಲೇ ಗೊತ್ತಿತ್ತು. ಪತ್ರಿಕೆ ಧಾರಾವಾಹಿಯನ್ನು ಅರ್ಧಕ್ಕೇ ನಿಲ್ಲಿಸಿತು.

ತಪ್ಪು ಎಲ್ಲಿತ್ತು ಎಂಬುದನ್ನು ಬಿಡಿಸಿಯೇ ಹೇಳುತ್ತೇನೆ, ಏಕೆಂದರೆ ನಿಮ್ಮ ಪ್ರಶ್ನೆಯಲ್ಲೂ ಅದೇ ಇದೆ. ವಿರೋಧವೆಂಬುದು ನಾದದ ಹುಟ್ಟುಗುಣ ಎಂದು ನಾನು ನಂಬಿದ್ದೆ. ನಿಜವಾದ ಅಲೆಗಳಿಗೆ ಅಂಥ ಹುಟ್ಟುಶತ್ರು ಇಲ್ಲ. ಗಾಳಿಯಲ್ಲಿ ಶಬ್ದ ಸೆಕೆಂಡಿಗೆ ಸುಮಾರು 340 ಮೀಟರ್ ಸಾಗುತ್ತದೆ. ಸೆಕೆಂಡಿಗೆ 340 ಸಲ ಕಂಪಿಸುವ ಸ್ವರವನ್ನು ತೆಗೆದುಕೊಂಡರೆ ಅದರ ಒಂದು ಅಲೆಯ ಉದ್ದ ಒಂದು ಮೀಟರ್. ಅದೇ ಸ್ವರ ಇನ್ನೊಂದು ದಾರಿಯಲ್ಲಿ ಅರ್ಧ ಮೀಟರ್ ಹೆಚ್ಚು ಸುತ್ತಿಕೊಂಡು ಬಂದರೆ ಒಂದರ ಉಬ್ಬಿಗೆ ಇನ್ನೊಂದರ ತಗ್ಗು ಸೇರುತ್ತದೆ, ಅಲ್ಲಿ ಸದ್ದು ಅಡಗುತ್ತದೆ. ಅಂದರೆ ನಾದದ ಎದುರಾಳಿ ಅದೇ ನಾದ, ಅರ್ಧ ಅಲೆಯಷ್ಟು ತಡವಾಗಿ ಬಂದದ್ದು. ಸ್ವಲ್ಪ ಆಚೆ ಸರಿದರೆ ಉಬ್ಬಿಗೆ ಉಬ್ಬೇ ಸೇರಿ ಸದ್ದು ಹೆಚ್ಚುತ್ತದೆ. ಶಕ್ತಿ ಎಲ್ಲಿಯೂ ಸಾಯುವುದಿಲ್ಲ, ಜಾಗ ಬದಲಿಸುತ್ತದೆ.

ನಂಬಿಕೆಯಾಗದಿದ್ದರೆ ಮೊಬೈಲಿನಲ್ಲಿ ಆ 340ರ ಸ್ವರವನ್ನು ಒಂದೇ ಸಮನೆ ಹಾಕಿ, ಬರಿಯ ಗೋಡೆಯಿಂದ ದೂರದಲ್ಲಿ, ಗೋಡೆಗೆ ಮುಖವಾಗಿ ಇಡಿ. ಒಂದು ಕಿವಿ ಮುಚ್ಚಿಕೊಂಡು ಗೋಡೆಯ ಕಡೆಯಿಂದ ನಿಧಾನವಾಗಿ ತಲೆಯನ್ನು ಹಿಂದಕ್ಕೆ ತನ್ನಿ. ಗೇಣಿಗಿಂತ ತುಸು ಹೆಚ್ಚು ಸರಿದಾಗ ಸದ್ದು ಕುಗ್ಗುತ್ತದೆ, ಮತ್ತೆ ಅಷ್ಟೇ ಸರಿದರೆ ಏರುತ್ತದೆ. ಕುಗ್ಗುವ ಎರಡು ಜಾಗಗಳ ನಡುವೆ ಸುಮಾರು ಅರ್ಧ ಮೀಟರ್ ಅಂತರ ಸಿಗುತ್ತದೆ. ಹೋಗುವ ಅಲೆ, ಗೋಡೆಗೆ ಬಡಿದು ಮರಳುವ ಅಲೆ: ನಿಮಗೆ ಬೇಕಾದ ಜೋಡಿ ಇದೇ.

ಸದ್ದನ್ನು ಅಳಿಸುವ ಇಯರ್‌ಫೋನ್‌ಗಳು ಇಲ್ಲವೇ ಎಂದು ನೀವು ಕೇಳಬಹುದು. ಇವೆ. ಜರ್ಮನಿಯ ಪಾಲ್ ಲ್ಯೂಗ್ ಎಂಬವರಿಗೆ ಈ ಉಪಾಯಕ್ಕೆ 1936ರಲ್ಲೇ ಅಮೆರಿಕದ ಪೇಟೆಂಟ್ ಸಿಕ್ಕಿತ್ತು. ಆದರೆ ದಾವಣಗೆರೆಯ ಬಸ್ಸಿನಲ್ಲಿ ಅದನ್ನು ಹಾಕಿಕೊಂಡರೆ ಎಂಜಿನ್ನಿನ ಮೊರೆತ ಅಡಗುವುದು ನಿಮ್ಮ ಕಿವಿಗೆ ಮಾತ್ರ. ಪಕ್ಕದ ಸೀಟಿನವರಿಗೆ ಏನೂ ಕಡಿಮೆಯಾಗುವುದಿಲ್ಲ.

ಇದು ಹೊಳೆದದ್ದು ಕೋಟೆಯ ಮೇಲೆ ನಡೆಯುವಾಗ. ಗೋಪಾಲಸ್ವಾಮಿ ಹೊಂಡ ತುಂಬಿದ ಮೇಲೆ ನೀರು ಅಕ್ಕ-ತಂಗಿ ಹೊಂಡಕ್ಕೆ ಇಳಿಯುವಂತೆ, ಒಂದೆಡೆ ನಿಲ್ಲದ ನಾದ ಇನ್ನೊಂದೆಡೆ ತುಂಬಲೇಬೇಕು. ಹಾಗಾದರೆ ಕಥೆಗೆ ಎಷ್ಟು ಜೀವ ಬರುತ್ತದೆ ನೋಡಿ. ಓಬವ್ವನ ಕಥೆ ನಿಂತಿರುವುದೇ ಸದ್ದಿನ ಮೇಲೆ: ಕಾವಲಿನ ಗಂಡ ಊಟಕ್ಕೆ ಕುಳಿತಿದ್ದಾನೆ, ನೀರಿಗೆ ಹೋದವಳಿಗೆ ಕಿಂಡಿಯಲ್ಲಿ ಪಿಸುಮಾತು ಕೇಳಿಸುತ್ತದೆ. ನಿಮ್ಮ ಲೋಕದಲ್ಲಿ ಇಂಥದೊಂದು ಕಿಂಡಿಯ ಬಳಿ ಶತ್ರು ಪ್ರತಿನಾದ ನುಡಿಸಿ ತನ್ನ ಹೆಜ್ಜೆಸಪ್ಪಳವನ್ನು ಅಡಗಿಸಲಿ. ಆಗ ಆ ಸಪ್ಪಳ ಇಮ್ಮಡಿಯಾಗಿ ಬೇರೆ ಯಾವುದೋ ಬತೇರಿಯ ಮೇಲೆ ಮೊಳಗಲೇಬೇಕು. ಕಾವಲಿನವರೆಲ್ಲ ಅತ್ತ ಓಡುತ್ತಾರೆ. ಕೋಟೆಯ ಯಾವ ಮೂಲೆಯ ಮೌನ ಯಾವ ಮೂಲೆಯಲ್ಲಿ ಗದ್ದಲವಾಗುತ್ತದೆ ಎಂಬುದನ್ನು ಬಲ್ಲ ಒಬ್ಬಳು ಮಾತ್ರ ಕಿಂಡಿಯ ಕಡೆಗೆ ಬರುತ್ತಾಳೆ. ಇಲ್ಲಿ ಬಲವಿರುವುದು ಮಂತ್ರ ಬಲ್ಲವನಿಗಲ್ಲ, ಜಾಗ ಬಲ್ಲವಳಿಗೆ. ಹದಿನಾರು ಜೋಡಿಗಳ ಕೋಷ್ಟಕದಿಂದ ಇಂಥ ಒಂದು ಸನ್ನಿವೇಶವೂ ನನಗೆ ಹುಟ್ಟಲಿಲ್ಲ.

ಪ್ರತಿನಾದ ಕೂದಲೆಳೆಯಷ್ಟು ತಪ್ಪಿದರೆ ಏನಾಗುತ್ತದೆ ಎಂಬುದನ್ನೂ ಬಿಡಬೇಡಿ. 256ರ ಸ್ವರಕ್ಕೆ 260ರ ಸ್ವರ ಸೇರಿದರೆ ಶೂನ್ಯ ಸಿಗುವುದಿಲ್ಲ, ಸದ್ದು ಸೆಕೆಂಡಿಗೆ ನಾಲ್ಕು ಸಲ ಏರಿ ಇಳಿಯುತ್ತದೆ. ತಂಬೂರಿಯ ತಂತಿಗಳನ್ನು ಶ್ರುತಿ ಮಾಡುವವರು ಈ ಏರಿಳಿತವನ್ನು ಕೇಳಿಕೊಂಡೇ ಬಿರಡೆ ತಿರುಗಿಸುತ್ತಾರೆ. ಅರೆಬರೆ ಕಲಿತ ನಾದಗಾರನನ್ನು ನಿಮ್ಮ ಲೋಕದ ಜನ ಈ ತೂಗಾಟದಿಂದಲೇ ಗುರುತಿಸಬಲ್ಲರು.

ಹಾಗಾಗಿ ಹದಿನಾರೂ ಬೇಡ, ಮೂವತ್ತೆರಡೂ ಬೇಡ. ಬೆಳಕು-ಕತ್ತಲೆಯನ್ನಂತೂ ಮೊದಲು ಹೊಡೆದುಹಾಕಿ: ಕತ್ತಲೆ ಎಂದರೆ ಬೆಳಕು ಇಲ್ಲದಿರುವುದು, ಅದು ಎದುರು ಕಂಪನವಲ್ಲ. ಒಂದೇ ಒಂದು ನಾದವನ್ನು ಇಟ್ಟುಕೊಂಡು ನಿಮ್ಮ ಊರಿನ ನಕ್ಷೆ ಬರೆಯಿರಿ. ಯಾವ ಬಂಡೆಗೆ ಬಡಿದು ಅದು ಮರಳುತ್ತದೆ, ಎಲ್ಲಿ ಅಡಗುತ್ತದೆ, ಎಲ್ಲಿ ಹೆಚ್ಚುತ್ತದೆ ಎಂದು ಗುರುತು ಹಾಕಿ. ಆ ಹೆಚ್ಚುವ ಜಾಗದಲ್ಲಿ ಯಾರ ಮನೆ ಇದೆ ಎಂಬುದನ್ನು ನಿರ್ಧರಿಸಿದ ಮೇಲೆ ಮೊದಲ ಅಧ್ಯಾಯಕ್ಕೆ ಕೈಹಾಕಿ.