ಅಂಕುಡೊಂಕಾಗಿ ನಡೆದರೆ ಹತ್ತಿರವೇ?

ಮಾನ್ಯರೇ,

ನಿಮ್ಮ ಪತ್ರ ಬಂದ ದಿನದಿಂದ ನಮ್ಮ ಕಚೇರಿಯಲ್ಲಿ ಎರಡು ಪಕ್ಷವಾಗಿದೆ. ಮೈಸೂರಿನ ಸರಸ್ವತಿಪುರಂನ ನಿಮ್ಮ ಮನೆಯಿಂದ ಹಾಲಿನ ಬೂತಿಗೆ ಹೋಗಲು ಪೂರ್ವಕ್ಕೆ ನಾಲ್ಕು ಕ್ರಾಸು, ಉತ್ತರಕ್ಕೆ ಮೂರು ಮೇನು ದಾಟಬೇಕು. ನಿಮ್ಮ ಮನೆಯವರು ನೆಟ್ಟಗೆ ಹೋಗಿ ಒಂದೇ ಸಲ ತಿರುಗುತ್ತಾರೆ. ನೀವು ಸಿಕ್ಕ ಸಿಕ್ಕ ಮೂಲೆಯಲ್ಲೆಲ್ಲ ತಿರುಗುತ್ತಾ ಹೋಗುತ್ತೀರಿ. ಮೊಬೈಲು ನಿಮಗೆ ಐವತ್ತೈದು ಹೆಜ್ಜೆ ಕಡಿಮೆ ತೋರಿಸಿದೆ. ಅವರು ಮಾತ್ರ ‘ಎರಡೂ ಅಷ್ಟೇ ದೂರ’ ಅಂತ ಪಟ್ಟು ಹಿಡಿದಿದ್ದಾರೆ. ಸೋತವರು ಒಂದು ವಾರ ಕಾಫಿ ಮಾಡಬೇಕು. ತೀರ್ಪು ನಮ್ಮ ತಲೆಗೆ ಕಟ್ಟಿದ್ದೀರಿ.

ನಕ್ಷೆಯ ಮಟ್ಟಿಗೆ ನಿಮ್ಮ ಮನೆಯವರೇ ಸರಿ. ಮೊಮ್ಮಕ್ಕಳ ಚೌಕುಳಿ ಲೆಕ್ಕದ ಪುಸ್ತಕ ಇದ್ದರೆ ಗೆರೆ ಎಳೆದು ನೋಡಿ. ಎಷ್ಟು ಸಲ ತಿರುಗಿದರೂ ಪೂರ್ವಕ್ಕೆ ನಾಲ್ಕು ಚೌಕ, ಉತ್ತರಕ್ಕೆ ಮೂರು ಚೌಕ ನಡೆಯಲೇಬೇಕು, ಒಟ್ಟು ಏಳು. ಹಿಂದಕ್ಕೆ ಹೆಜ್ಜೆ ಇಡದೆ ಹೋಗಲು 35 ದಾರಿಗಳಿವೆ, ಮೂವತ್ತೈದೂ ಒಂದೇ ಉದ್ದ. ಹಕ್ಕಿಯ ಹಾಗೆ ಓರೆಯಾಗಿ ಹಾರಿದರೆ ಮಾತ್ರ ಐದು. ಅಂಕುಡೊಂಕಿನ ದಾರಿ ಕಣ್ಣಿಗೆ ಓರೆಯಾಗಿ ಕಾಣುತ್ತದೆ, ಕಾಲಿಗಲ್ಲ.

ಹಾಗಾದರೆ ಆ ಐವತ್ತೈದು ಹೆಜ್ಜೆ? ಮೊಬೈಲು ಸುಳ್ಳು ಹೇಳಿಲ್ಲ. ರಸ್ತೆಗೆ ಅಗಲ ಅಂತ ಒಂದಿದೆಯಲ್ಲ! ಬೆಳಗ್ಗೆ ಆರಕ್ಕೆ ಗಾಡಿಗಳಿಲ್ಲದ ಬೀದಿಯಲ್ಲಿ ನೀವು ಎಡಮೂಲೆ ಸವರಿಕೊಂಡು ತಿರುಗಿ, ರಸ್ತೆಯನ್ನು ಓರೆಯಾಗಿ ದಾಟುತ್ತಾ ಮುಂದಿನ ಬಲಮೂಲೆ ಸವರುತ್ತೀರಿ. ರಸ್ತೆ 9 ಮೀಟರ್ ಅಗಲವಿದ್ದರೆ ಹೀಗೆ ತಿರುವಿಗೆ ಸುಮಾರು 8 ಮೀಟರ್ ಉಳಿಯುತ್ತದೆ. ನಿಮ್ಮದು ಆರು ತಿರುವು, ಅವರದು ಒಂದು. ಐದು ಎಂಟಲಿ ನಲವತ್ತು ಮೀಟರ್, ಅಂದರೆ ಐವತ್ತು ಚಿಲ್ಲರೆ ಹೆಜ್ಜೆ. ತಿರುಗಿದ್ದರಿಂದ ಉಳಿದದ್ದಲ್ಲ, ಓರೆ ದಾಟಿದ್ದರಿಂದ ಉಳಿದದ್ದು. ಎಂಟು ಗಂಟೆಗೆ ಸ್ಕೂಲ್ ವ್ಯಾನುಗಳು ಶುರುವಾದ ಮೇಲೆ ದಯವಿಟ್ಟು ಈ ಲೆಕ್ಕ ಪರೀಕ್ಷಿಸಬೇಡಿ.

ಚಾಮುಂಡಿ ಬೆಟ್ಟಕ್ಕೆ ರಸ್ತೆ ಹತ್ತಿರವೋ ಮೆಟ್ಟಿಲೋ ಅಂತಲೂ ಕೇಳಿದ್ದೀರಿ. ರಸ್ತೆಗಿಂತ ಮೆಟ್ಟಿಲು ಹತ್ತಿರ, ಅನುಮಾನವೇ ಇಲ್ಲ. ಆದರೆ ಏರು ನಡಿಗೆಗೆ ಉದ್ದದ ಅಳತೆಯೊಂದೇ ಸಾಲದು. ಸ್ಕಾಟ್ಲೆಂಡಿನ ಪರ್ವತಾರೋಹಿ ನೈಸ್ಮಿತ್ 1892ರಲ್ಲಿ ಹೇಳಿದ ಲೆಕ್ಕದಂತೆ, ಸಮತಟ್ಟಿನ ನಡಿಗೆಯ ಸಮಯಕ್ಕೆ ಪ್ರತಿ 600 ಮೀಟರ್ ಏರಿಗೆ ಒಂದು ಗಂಟೆ ಹೆಚ್ಚುವರಿ ಸೇರಿಸಬೇಕು. ನಮ್ಮ ಬೆಟ್ಟ ಊರಿಗಿಂತ ಸುಮಾರು 300 ಮೀಟರ್ ಎತ್ತರ, ಅಲ್ಲಿಗೆ ಅರ್ಧ ಗಂಟೆ ಹೆಚ್ಚುವರಿ. ಇಳಿಯುವಾಗ ಮಂಡಿ ಹೇಳುವ ಲೆಕ್ಕ ಬೇರೆ.

ಇನ್ನು ಆ ಖಾಲಿ ಸೈಟು. ‘ಆರು ವರ್ಷದಿಂದ ಅದರಲ್ಲೇ ಅಡ್ಡ ಹಾಯುತ್ತಿದ್ದೆವು, ಈಗ ಮಾಲೀಕ ಮುಳ್ಳು ಹಾಕಿದ್ದಾನೆ, ನಮಗೆ ಹಕ್ಕಿಲ್ಲವೇ’ ಎಂದಿದ್ದೀರಿ. ಇಲ್ಲ. 1882ರ ಈಸ್‌ಮೆಂಟ್ ಕಾಯ್ದೆಯಲ್ಲಿ (ಪರರ ಜಾಗವನ್ನು ಬಳಸುವ ಹಕ್ಕಿನ ಕಾಯ್ದೆ) ಬಳಕೆಯಿಂದ ದಾರಿಯ ಹಕ್ಕು ಬರಲು 20 ವರ್ಷ ಬೇಕು. ಅದೂ ನಿಮ್ಮ ಜಮೀನಿನ ಅನುಕೂಲಕ್ಕೆ, ಅನುಮತಿ ಕೇಳದೆ ಹಕ್ಕೆಂಬಂತೆ, ತಡೆಯಿಲ್ಲದೆ ನಡೆದಿದ್ದರೆ. ಹಾಲು ತರುವ ಆತುರ ಇದರಲ್ಲಿ ಬರುವುದಿಲ್ಲ.

ಮಾಲೀಕನ ಮೇಲೆ ನನಗೆ ಸಿಟ್ಟೂ ಇಲ್ಲ. ಮಂಡ್ಯ ಕಡೆಯ ನಮ್ಮೂರಲ್ಲಿ ಶಾಲೆಗೆ ನಾಲೆ ಏರಿ ಸುತ್ತಿದರೆ ದೂರ, ಗದ್ದೆ ಬದುವಿನ ಮೇಲೆ ಹೋದರೆ ಹತ್ತಿರ. ಒಮ್ಮೆ ನಾಟಿ ಮುಗಿದ ವಾರ, ಮಳೆಗೆ ನೆನೆದು ಏಡಿ ಬಿಲ ಕೊರೆದ ಬದು ನನ್ನ ಕಾಲಡಿ ಕುಸಿಯಿತು. ಮೇಲಿನ ಗದ್ದೆಯ ನೀರು ಬುಳಬುಳ ಅಂತ ಕೆಳಗಿನ ಗದ್ದೆಗೆ ಇಳಿಯತೊಡಗಿತು. ಗದ್ದೆಯ ಯಜಮಾನ ಬಯ್ಯಲಿಲ್ಲ. ಸಲಿಕೆ ಕೈಗೆ ಕೊಟ್ಟು, ‘ಮೊದಲು ಮುಚ್ಚು, ಆಮೇಲೆ ಇಸ್ಕೂಲು’ ಅಂದ. ಎರಡು ಪೀರಿಯಡ್ ತಪ್ಪಿತು.

ಒಟ್ಟು ತೀರ್ಪು: ದೂರದ ಪ್ರಶ್ನೆಯಲ್ಲಿ ನಿಮ್ಮ ಮನೆಯವರು ಗೆದ್ದರು, ಹೆಜ್ಜೆಯ ಪ್ರಶ್ನೆಯಲ್ಲಿ ನೀವು. ಸಮವಾಯಿತು. ಆದರೂ ಈ ವಾರದ ಕಾಫಿ ನೀವೇ ಮಾಡಿ, ಸೈಟಿನ ಮಾಲೀಕನನ್ನು ಪತ್ರದಲ್ಲಿ ಮೂರು ಕಡೆ ಏಕವಚನದಲ್ಲಿ ಕರೆದದ್ದಕ್ಕೆ.

– ಸಂ.