ತಲೆಬರಹದಲ್ಲಿ ಥಿಯಾ, ಒಳಗೆಲ್ಲ ಲಾಂಗ್

ಆತ್ಮೀಯರೇ, ನಮಸ್ಕಾರ.

ಜರ್ಮನ್ ಚಿತ್ರಕಥೆಗಾರ್ತಿ ಥಿಯಾ ಫಾನ್ ಹಾರ್ಬೂ ಬಗ್ಗೆ ನೀವು ಕಳಿಸಿದ ಲೇಖನ ಓದಿದೆ. ಈಗಿರುವ ಹಾಗೆ ಹಾಕಲು ಆಗುವುದಿಲ್ಲ. ಆದರೆ ವಿಷಯ ಕೈಬಿಡಲು ಮನಸ್ಸಿಲ್ಲ. ಹಾಗಾಗಿ ಮುಲಾಜಿಲ್ಲದೆ ಬರೆಯುತ್ತಿದ್ದೇನೆ, ಬೇಜಾರು ಮಾಡ್ಕೋಬೇಡಿ.

ಮೊದಲ ತಕರಾರು. ತಲೆಬರಹದಲ್ಲಿ ಥಿಯಾ ಇದ್ದಾಳೆ, ಒಳಗೆ ಬರೀ ಆಕೆಯ ಗಂಡ, ನಿರ್ದೇಶಕ ಫ್ರಿಟ್ಸ್ ಲಾಂಗ್. ಲಾಂಗ್ ಕನಸು ಕಂಡ, ಲಾಂಗ್ ಜಗಳವಾಡಿದ, ಲಾಂಗ್ ದೇಶ ಬಿಟ್ಟ. ಥಿಯಾ ಮಾಡುವುದು ಎರಡೇ ಕೆಲಸ: ಮದುವೆ ಮತ್ತು ವಿಚ್ಛೇದನ. 1922ರಲ್ಲಿ ಲಾಂಗ್‌ನನ್ನು ಮದುವೆಯಾಗುವ ಹೊತ್ತಿಗೆ ಆಕೆ ಆಗಲೇ ಹೆಸರು ಮಾಡಿದ್ದ ಕಾದಂಬರಿಗಾರ್ತಿ. ಭಾರತದ ಮಹಾರಾಜನೊಬ್ಬನ ಕಥೆಯನ್ನು 1918ರಲ್ಲೇ ಕಾದಂಬರಿ ಮಾಡಿದ್ದಳು. ನಿರ್ದೇಶಕ ಮುರ್ನಾವ್‌ಗೂ ಚಿತ್ರಕಥೆ ಬರೆದಳು, ಡೆನ್ಮಾರ್ಕಿನ ಡ್ರೆಯರ್‌ಗೂ ಬರೆದಳು. ಈ ಎರಡು ಹೆಸರು ನಿಮ್ಮ ಲೇಖನದಲ್ಲಿ ಎಲ್ಲೂ ಸಿಗಲಿಲ್ಲ. (ಆಕೆಯ ಮೊದಲ ಗಂಡ, ನಟ ಕ್ಲೈನ್-ರೋಗೆ, ಎರಡನೇ ಗಂಡನ 'ಮೆಟ್ರೊಪೊಲಿಸ್'ನಲ್ಲಿ ವಿಜ್ಞಾನಿಯ ಪಾತ್ರ ಮಾಡಿದ್ದಾನೆ. ಗಾಸಿಪ್ಪೇ ಬೇಕಿದ್ದರೆ ಇದನ್ನಾದರೂ ಹಾಕಬಹುದಿತ್ತು.)

ಇನ್ನು ನಾಜಿ ಪ್ರಚಾರ ಮಂತ್ರಿ ಗೊಬೆಲ್ಸ್ ಪ್ರಸಂಗ. ಜರ್ಮನ್ ಚಿತ್ರರಂಗವನ್ನೇ ನಿನ್ನ ಕೈಗೆ ಕೊಡ್ತೀನಿ ಅಂತ ಅವನು ಹೇಳಿದ, ಲಾಂಗ್ ಅದೇ ರಾತ್ರಿ ರೈಲು ಹತ್ತಿ ಪ್ಯಾರಿಸ್ಸಿಗೆ ಓಡಿದ ಎಂದು ಬರೆದಿದ್ದೀರಿ. ಇದು ಲಾಂಗ್ ತಾನೇ ಹೇಳಿಕೊಂಡು ಬಂದ ಕಥೆ. ಅವನ ಪಾಸ್‌ಪೋರ್ಟಿನ ಮುದ್ರೆಗಳು ಬೇರೆಯೇ ಹೇಳುತ್ತವೆ. 1933ರಲ್ಲಿ ಆತ ಕೆಲವು ತಿಂಗಳು ಜರ್ಮನಿಗೆ ಹೋಗಿ ಬಂದು ಮಾಡುತ್ತಲೇ ಇದ್ದ. 'ಎಂದು ಲಾಂಗ್ ಹೇಳುತ್ತಿದ್ದ' ಅಂತ ಸೇರಿಸಿ, ಇಲ್ಲ ತೆಗೆದುಬಿಡಿ. ಈ ಕಥೆಯಲ್ಲಿ ಅವನು ಹೀರೋ, ಹಿಂದೆ ಉಳಿದವಳು ವಿಲನ್. ಹೇಳಿದವನಿಗೇ ಅನುಕೂಲವಾಗುವ ಕಥೆಯನ್ನು ಎರಡು ಸಲ ತಟ್ಟಿ ನೋಡಬೇಕು, ಅಲ್ವಾ?

1931ರ 'ಎಂ' ಚಿತ್ರದ ಬಗ್ಗೆ 'ಅದ್ಭುತ ಚಿತ್ರಕಥೆ' ಎಂದು ಒಂದೇ ಸಾಲು ಬರೆದಿದ್ದೀರಿ. ಓದುಗನಿಗೆ ಇದರಿಂದ ಏನೂ ಕಾಣಲಿಲ್ಲ. ಚಿತ್ರದ ಶುರುವನ್ನೇ ತೆಗೆದುಕೊಳ್ಳಿ. ಶಾಲೆಯಿಂದ ಬರಬೇಕಾದ ಮಗಳಿಗೆ ತಾಯಿ ತಟ್ಟೆ ಇಡುತ್ತಾಳೆ. ಗಡಿಯಾರ ನೋಡುತ್ತಾಳೆ. 'ಎಲ್ಸಿ' ಎಂದು ಕೂಗುತ್ತಾಳೆ. ಆ ಕೂಗಿನ ಜೊತೆ ನಮಗೆ ಕಾಣುವುದು ಖಾಲಿ ಮೆಟ್ಟಿಲು, ಬಟ್ಟೆ ಒಣಹಾಕಿದ ಅಟ್ಟ, ಯಾರೂ ಮುಟ್ಟದ ತಟ್ಟೆ. ಆಮೇಲೆ ಪೊದೆಯಿಂದ ಉರುಳಿ ಬಂದು ನಿಲ್ಲುವ ಚೆಂಡು, ತಂತಿಗೆ ಸಿಕ್ಕಿಕೊಂಡ ಬಲೂನು. ಕೊಲೆ ತೋರಿಸುವುದೇ ಇಲ್ಲ. ಮುಂದೆ ಕೊಲೆಗಾರನನ್ನು ಗುರುತಿಸುವವನು ಯಾರು? ಅದೇ ಬಲೂನು ಮಾರಿದ ಕುರುಡ, ಅದೂ ಕೊಲೆಗಾರನ ಸಿಳ್ಳೆ ಕೇಳಿ. ಅದು ಲಾಂಗ್‌ನ ಮೊದಲ ಟಾಕಿ. ಶಬ್ದ ಸಿಕ್ಕ ಕೂಡಲೇ ಮಾತು ಸುರಿಯದೆ, ಪತ್ತೇದಾರಿ ಕೆಲಸವನ್ನೇ ಶಬ್ದಕ್ಕೆ ವಹಿಸಿದ್ದಾರೆ. ಇದರಲ್ಲಿ ಗಂಡನದೆಷ್ಟು, ಹೆಂಡತಿಯದೆಷ್ಟು ಎಂದು ಪಾಲು ಹಂಚಲು ಹೋಗಬೇಡಿ. ಇಬ್ಬರೂ ಕೂತು ಬರೆದದ್ದು. ದೃಶ್ಯವನ್ನು ತೋರಿಸಿ, ಸಾಕು.

ಈಗ ನನಗೆ ನಿಜಕ್ಕೂ ಕಿರಿಕಿರಿ ಆದ ಜಾಗ. ಆಕೆ ನಾಜಿ ಪಕ್ಷ ಸೇರಿದ್ದನ್ನು ಒಂದು ಸಾಲಿನಲ್ಲಿ ಹೇಳಿ, 'ಕಾಲದ ಒತ್ತಡ' ಎಂದು ಮುಚ್ಚಿಬಿಟ್ಟಿದ್ದೀರಿ. ನೀವು ಆಕೆಯ ವಕೀಲರಲ್ಲ. ಬೈಯಿರಿ ಅಂತಲೂ ನಾನು ಹೇಳುತ್ತಿಲ್ಲ. ಆಕೆ ಬರೆದದ್ದನ್ನು ನೋಡಿ ಅಷ್ಟೇ. 1927ರ 'ಮೆಟ್ರೊಪೊಲಿಸ್'ನಲ್ಲಿ ಮೇಲೆ ಮಾಲೀಕ, ನೆಲದಡಿ ಕೂಲಿಗಳು. ಕೊನೆಗೆ ಮಾಲೀಕನ ಮಗ ಎರಡೂ ಕಡೆಯವರ ಕೈ ಸೇರಿಸುತ್ತಾನೆ. ತಲೆಗೂ ಕೈಗೂ ನಡುವೆ ಹೃದಯ ಬೇಕು ಅನ್ನುತ್ತದೆ ಚಿತ್ರ. ಹತ್ತು ವರ್ಷ ಬಿಟ್ಟು, 1937ರಲ್ಲಿ, ಇನ್ನೊಬ್ಬರ ಜೊತೆ ಸೇರಿ ಆಕೆ 'ಡೆರ್ ಹೆರ್‌ಷರ್' ಬರೆದಳು. ಹೆಸರಿನ ಅರ್ಥವೇ 'ಆಳುವವನು'. ಮೂಲ, ಜರ್ಮನ್ ನಾಟಕಕಾರ ಹೌಪ್ಟ್‌ಮನ್‌ನ ನಾಟಕ. ನಾಟಕದಲ್ಲಿ ಮುದುಕ ಮಕ್ಕಳ ಕಾಟಕ್ಕೆ ಸೋತು ಸಾಯುತ್ತಾನೆ. ಸಿನಿಮಾದಲ್ಲಿ ಅವನು ದೊಡ್ಡ ಕಾರ್ಖಾನೆಯ ಒಡೆಯ, ಸಾಯುವುದಿಲ್ಲ. ಮಕ್ಕಳಿಗೆ ಏನೂ ಕೊಡದೆ ಕಾರ್ಖಾನೆಯನ್ನು ರಾಷ್ಟ್ರಕ್ಕೆ ಬರೆದುಕೊಡುತ್ತಾನೆ. ಈಗ ನಡುವೆ ಹೃದಯ ಬೇಕಿಲ್ಲ, ಒಡೆಯನೊಬ್ಬ ಇದ್ದರಾಯಿತು. ಒಬ್ಬಳೇ ಬರಹಗಾರ್ತಿಯ ಇಬ್ಬರು ಮಾಲೀಕರನ್ನು ಅಕ್ಕಪಕ್ಕ ನಿಲ್ಲಿಸಿದರೆ ನಿಮ್ಮ ಲೇಖನ ಅಲ್ಲೇ ಇದೆ.

ಅದರ ಪಕ್ಕದಲ್ಲೇ ಆಯಿ ತೆಂಡೂಲ್ಕರ್ ಬರಲಿ. ಆ ವರ್ಷಗಳಲ್ಲೇ ಆಕೆಯ ಬದುಕಿನಲ್ಲಿ ಇದ್ದವನು ಈ ಭಾರತೀಯ ಪತ್ರಕರ್ತ. ಆತ ಆಮೇಲೆ ಬೆಳಗಾವಿಗೆ ಬಂದು ಪತ್ರಿಕೆ ನಡೆಸಿದ. ನಮ್ಮ ಓದುಗರಿಗೆ ಇದು ರುಚಿಸುತ್ತದೆ ಎಂದು ನೀವು ಪುಟಗಟ್ಟಲೆ ಪ್ರೇಮಕಥೆ ಹೆಣೆದಿದ್ದೀರಿ. ಅರ್ಧ ಪ್ಯಾರಾ ಸಾಕು. ನಾಜಿ ಸರ್ಕಾರಕ್ಕೆ ಹಿಡಿಸುವ ಸಿನಿಮಾ ಬರೆದವಳೇ ಭಾರತೀಯನೊಬ್ಬನ ಜೊತೆಗಿದ್ದಳು. ಈ ಎರಡನ್ನೂ ಹೊಂದಿಸಲು ಹೋಗದೆ ಒಟ್ಟಿಗೆ ಇಡಿ. ಹೊಂದದಿದ್ದರೆ ಹೊಂದದಿರಲಿ.

ಸಾವಿನ ಭಾಗವನ್ನು ತೀರಾ ಚಿಕ್ಕದು ಮಾಡಿ. 1954ರಲ್ಲಿ ಬರ್ಲಿನ್‌ನಲ್ಲಿ ತನ್ನದೇ ಹಳೇ ಸಿನಿಮಾದ ಪ್ರದರ್ಶನಕ್ಕೆ ಹೋದವಳು ಬಿದ್ದು ಪೆಟ್ಟಾಗಿ, ಕೆಲವೇ ದಿನದಲ್ಲಿ ತೀರಿಕೊಂಡಳು. ಇಷ್ಟೇ. 'ವಿಧಿಯಾಟ', 'ನಿಯತಿಯ ಕ್ರೂರ ನಗು' ಬೇಡ. ಅದಕ್ಕಿಂತ ಯುದ್ಧ ಮುಗಿದ ಮೇಲೆ ಬ್ರಿಟಿಷರ ಬಂಧನ ಶಿಬಿರದಲ್ಲಿದ್ದದ್ದು, ಆಮೇಲೆ ಬರ್ಲಿನ್‌ನಲ್ಲಿ ಬಾಂಬಿಗೆ ಉರುಳಿದ ಮನೆಗಳ ಇಟ್ಟಿಗೆ ಎತ್ತಿದ್ದು ಮುಖ್ಯ. ನೀವು ಅದನ್ನು ಬಿಟ್ಟೇ ಬಿಟ್ಟಿದ್ದೀರಿ.

ಕೊನೆಗೊಂದು ಕೆಲಸ. 'ಮೆಟ್ರೊಪೊಲಿಸ್' ಕಥೆ ಜಾಳು ಎಂದಿದ್ದೀರಿ. ಯಾವ ಪ್ರತಿ ನೋಡಿದಿರಿ? ಮೊದಲ ಪ್ರದರ್ಶನದ ನಂತರ ಆ ಚಿತ್ರಕ್ಕೆ ಕತ್ತರಿ ಬಿತ್ತು. ಹೆಲ್ ಎಂಬ ಹೆಣ್ಣಿಗಾಗಿ ಮಾಲೀಕನಿಗೂ ವಿಜ್ಞಾನಿಗೂ ಇದ್ದ ಹಗೆತನವೇ ಹಾರಿಹೋಯಿತು. ವಿಜ್ಞಾನಿ ಚಿತ್ರದಲ್ಲಿ ಬರುವ ಯಂತ್ರಮಾನವಿಯನ್ನು ಯಾಕೆ ಮಾಡಿದ ಎಂಬುದಕ್ಕೆ ಕಾರಣವೇ ಉಳಿಯಲಿಲ್ಲ. 2008ರಲ್ಲಿ ಬ್ಯೂನಸ್ ಐರಿಸ್‌ನಲ್ಲಿ ಹೆಚ್ಚುಕಡಿಮೆ ಪೂರ್ತಿ ಪ್ರತಿಯೊಂದು ಸಿಕ್ಕಿತು. ಅದನ್ನು ಸೇರಿಸಿ ಸರಿಪಡಿಸಿದ ಚಿತ್ರ 2010ರಲ್ಲಿ ಬಂತು. ಅದನ್ನು ನೋಡಿ. ಆಮೇಲೂ ಜಾಳು ಅನ್ನಿಸಿದರೆ ಹಾಗೇ ಬರೆಯಿರಿ, ನಾನು ತೆಗೆಯುವುದಿಲ್ಲ. ಲೇಖನ ಈಗಿನ ಅರ್ಧದಷ್ಟಿರಲಿ. ಮುಂದಿನ ತಿಂಗಳೊಳಗೆ ಕಳಿಸಿದರೆ ಜಾಗ ಇಟ್ಟಿರುತ್ತೇನೆ.

ಇಂತಿ,
ಸಂಪಾದಕ