ಲಾನಿ ಡಾನೆಗನ್ ಯಾರು? ಬೀಟಲ್ಸ್ ಕಥೆಯಲ್ಲಿ ಅವರ ಹೆಸರು ಯಾಕೆ ಬರುತ್ತದೆ?

ಬೀಟಲ್ಸ್ ಬಗ್ಗೆ ಎಲ್ಲಿ ಓದಿದರೂ ಈ ಹೆಸರು ಬರುತ್ತದೆ, ಯಾರಿವರು, ಲಂಡನ್ನಿನವರೋ ಸ್ಕಾಟ್ಲೆಂಡಿನವರೋ ಅಂತ ಕೇಳಿದ್ದೀರಿ. ನನಗೆ ತುಂಬಾ ಇಷ್ಟದ ಗಾಯಕ ಇವರು. ಸ್ವಲ್ಪ ಉದ್ದವಾಗಿಯೇ ಬರೆಯುತ್ತೇನೆ.

ಹುಟ್ಟಿದ್ದು ಸ್ಕಾಟ್ಲೆಂಡಿನ ಗ್ಲಾಸ್ಗೋದ ಬ್ರಿಜ್‌ಟನ್‌ನಲ್ಲಿ, 1931ರ ಏಪ್ರಿಲ್ 29ರಂದು. ಮನೆಯಲ್ಲಿ ಇಟ್ಟ ಹೆಸರು ಆಂಟನಿ ಜೇಮ್ಸ್ ಡಾನೆಗನ್. ಅಪ್ಪ ಆರ್ಕೆಸ್ಟ್ರಾದಲ್ಲಿ ಪಿಟೀಲು ನುಡಿಸುತ್ತಿದ್ದರು. ಮಗುವಿಗೆ ಎರಡು ವರ್ಷ ಆಗುವಷ್ಟರಲ್ಲಿ ಮನೆಯವರೆಲ್ಲ ಲಂಡನ್ನಿನ ಈಸ್ಟ್ ಹ್ಯಾಮ್‌ಗೆ ಬಂದರು. ಹಾಗಾಗಿ ನೀವು ಓದಿದ ಎರಡೂ ಮಾತಿನಲ್ಲಿ ನಿಜವಿದೆ. 'ಲಾನಿ' ಆಮೇಲೆ ಬಂದ ಹೆಸರು. ಅಮೆರಿಕದ ಬ್ಲೂಸ್ ಗಿಟಾರ್ ವಾದಕ ಲಾನಿ ಜಾನ್ಸನ್ ಅಂದರೆ ಅವರಿಗೆ ಪ್ರಾಣ.

ಇಪ್ಪತ್ತು ದಾಟಿದ ಮೇಲೆ ಕ್ರಿಸ್ ಬಾರ್ಬರ್ ಅವರ ಜಾಝ್ ತಂಡದಲ್ಲಿ ಬ್ಯಾಂಜೋ ನುಡಿಸುತ್ತಿದ್ದರು. ಕಹಳೆ ಊದುವವರಿಗೆ ನಡುವೆ ವಿಶ್ರಾಂತಿ ಬೇಕು ಅಲ್ವಾ? ಆ ಬಿಡುವಿನಲ್ಲಿ ಲಾನಿ ಗಿಟಾರ್ ಹಿಡಿದು ಅಮೆರಿಕದ ಹಳೆಯ ಜನಪದ ಹಾಡು ಹೇಳುತ್ತಿದ್ದರು. ಜೊತೆಗೆ ಒಂದಿಬ್ಬರು, ಅಷ್ಟೇ. ಇದಕ್ಕೆ ಸ್ಕಿಫಲ್ ಅಂತ ಹೆಸರು. ಬರ್ತಾ ಬರ್ತಾ ಜನ ಆ ಬಿಡುವಿಗಾಗಿಯೇ ಕಾಯತೊಡಗಿದರು.

1954ರ ಜುಲೈ 13ರಂದು ಡೆಕ್ಕಾ ಕಂಪನಿಗಾಗಿ ಬಾರ್ಬರ್ ತಂಡದ ರೆಕಾರ್ಡಿಂಗ್ ನಡೆಯಿತು. ಯುದ್ಧದ ಕಾಲದಿಂದ ಇದ್ದ ರೇಷನ್ ಬ್ರಿಟನ್ನಿನಲ್ಲಿ ಪೂರ್ತಿ ನಿಂತು ಆಗ ಬರೀ ಒಂಬತ್ತು ದಿನ. ಅವತ್ತು ಲಾನಿ 'ರಾಕ್ ಐಲಂಡ್ ಲೈನ್' ಹಾಡಿದರು. ಅಮೆರಿಕದ ಜನಪದ ಗಾಯಕ ಲೆಡ್ ಬೆಲ್ಲಿ ಹಾಡಿ ಹೆಸರಾಗಿದ್ದ ರೈಲಿನ ಹಾಡು ಅದು. ಬಾರ್ಬರ್ ಡಬಲ್ ಬಾಸ್ (ಆಳುದ್ದದ, ತಗ್ಗು ದನಿಯ ಪಿಟೀಲಿನಂಥ ವಾದ್ಯ) ಹಿಡಿದರು. ಬೆರಿಲ್ ಬ್ರೈಡನ್ ಎಂಬ ಗಾಯಕಿ ಬಟ್ಟೆ ಉಜ್ಜುವ ಗೀರುಹಲಗೆ ನುಡಿಸಿದರು.

ದಯವಿಟ್ಟು ಇದನ್ನು ಹೆಡ್‌ಫೋನ್ ಹಾಕಿಕೊಂಡು ಕೇಳಿ. ಶುರುವಿನಲ್ಲಿ ಹಾಡೇ ಇಲ್ಲ, ಬರೀ ಮಾತು. ರೈಲಿನ ಡ್ರೈವರ್ ಒಬ್ಬ ಸುಂಕದ ಕಟ್ಟೆಯವನಿಗೆ ಬಂಡಿ ತುಂಬಾ ದನ, ಕುರಿ, ಹಂದಿ ಅಂತ ಸುಳ್ಳು ಹೇಳಿ ಪಾರಾಗುತ್ತಾನೆ. ತುಂಬಿರುವುದು ಕಬ್ಬಿಣ. ಕಟ್ಟೆ ದಾಟಿದ ಮೇಲೆ ರೈಲು ವೇಗ ಹಿಡಿದಂತೆ ಹಾಡೂ ಓಡುತ್ತದೆ. ಮೂಗಿನಿಂದ ಬರುವ ಆ ತೆಳು ದನಿ ಏರುತ್ತಾ ಏರುತ್ತಾ ಕೊನೆಗೆ ಹೆಚ್ಚುಕಮ್ಮಿ ಕೂಗಾಗುತ್ತದೆ. ಮೊದಲ ಸಲ ಕೇಳಿದಾಗ ನಾನು ನಾಲ್ಕು ಸಲ ತಿರುಗಿಸಿ ಕೇಳಿದ್ದೆ. ಆ ಕೂಗಿಗೆ ಈಗಲೂ ಮೈ ಜುಂ ಅನ್ನುತ್ತದೆ.

1956ರ ಶುರುವಿನಲ್ಲಿ ಈ ಹಾಡು ಬ್ರಿಟನ್ನಿನ ಟಾಪ್ 10ರೊಳಗೆ ಬಂತು. ಆಮೇಲೆ ಅಮೆರಿಕದಲ್ಲೂ ಅಷ್ಟೇ. ಅವರದೇ ನಾಡಿನ ಹಾಡನ್ನು ಗ್ಲಾಸ್ಗೋದಲ್ಲಿ ಹುಟ್ಟಿದ ಹುಡುಗ ಅವರಿಗೇ ಮಾರಿದ ಹಾಗಾಯಿತು! ಆದರೆ ಲಾನಿಗೆ ಸಿಕ್ಕಿದ್ದು ಅವತ್ತಿನ ಕೂಲಿ ಮಾತ್ರ, ರಾಯಲ್ಟಿ ಇಲ್ಲ. ಅದು ನನಗೆ ಇವತ್ತಿಗೂ ಅನ್ಯಾಯ ಅನಿಸುತ್ತದೆ.

ಈಗ ಬೀಟಲ್ಸ್ ವಿಷಯ. ಆ ಕಾಲದ ಬ್ರಿಟನ್ನಿನ ಹುಡುಗರ ಹತ್ತಿರ ದುಡ್ಡಿರಲಿಲ್ಲ. ಲಾನಿ ಹಾಡಿಗೆ ಒಂದು ಗಿಟಾರ್, ಅದರಲ್ಲಿ ಮೂರು ಕಾರ್ಡ್ (ಒಟ್ಟಿಗೆ ಮೀಟುವ ಸ್ವರಗಳ ಗುಂಪು) ನುಡಿಸಲು ಬಂದರೆ ಸಾಕಿತ್ತು. ಅಮ್ಮನ ಗೀರುಹಲಗೆಯ ಮೇಲೆ ಬೆರಳಿಗೆ ದರ್ಜಿಯವರ ಲೋಹದ ಟೋಪಿ ಹಾಕಿಕೊಂಡು ಗೀರಿದರೆ ತಾಳ. ಖಾಲಿ ಚಹಾ ಪೆಟ್ಟಿಗೆಗೆ ಪೊರಕೆ ಕೋಲು ಸಿಕ್ಕಿಸಿ ಒಂದು ದಾರ ಬಿಗಿದರೆ ಬಾಸ್. (ನಮ್ಮ ಕಡೆಯಿಂದ, ಸಿಲೋನಿನಿಂದ ಚಹಾ ತುಂಬಿಕೊಂಡು ಹೋಗುತ್ತಿದ್ದಂಥ ಮರದ ಪೆಟ್ಟಿಗೆಗಳೇ ಅವು.) ಬೀದಿ ಬೀದಿಯಲ್ಲಿ ತಂಡ ಹುಟ್ಟಿದವು. ಅದರಲ್ಲಿ ಒಂದು, ಲಿವರ್‌ಪೂಲ್‌ನಲ್ಲಿ ಜಾನ್ ಲೆನನ್ ಕಟ್ಟಿದ ಕ್ವಾರಿಮೆನ್. ಮುಂದೆ ಬೀಟಲ್ಸ್ ಆಗಿದ್ದು ಇದೇ ತಂಡ. 1956ರ ನವೆಂಬರ್‌ನಲ್ಲಿ ಲಾನಿ ಲಿವರ್‌ಪೂಲ್‌ನ ಎಂಪೈರ್ ರಂಗಮಂದಿರಕ್ಕೆ ಬಂದಾಗ ಹುಡುಗ ಪಾಲ್ ಮೆಕಾರ್ಟ್ನಿ ಹೋಗಿ ನೋಡಿದ್ದ. ಮರುವರ್ಷದ ಜುಲೈನಲ್ಲಿ ಚರ್ಚಿನ ಜಾತ್ರೆಯೊಂದರಲ್ಲಿ ಕ್ವಾರಿಮೆನ್ ನುಡಿಸಿದ ದಿನವೇ ಪಾಲ್, ಜಾನ್ ಮೊದಲು ಭೇಟಿಯಾದರು.

ಲಾನಿಯ ಮೂರು ರೆಕಾರ್ಡುಗಳು ಬ್ರಿಟನ್ನಿನಲ್ಲಿ 1ನೇ ಸ್ಥಾನಕ್ಕೆ ಹೋದವು: 1957ರಲ್ಲಿ ಎರಡು, 1960ರಲ್ಲಿ ಒಂದು. ಆ ಮೂರನೆಯದು ಕಸ ಒಯ್ಯುವ ಅಪ್ಪನ ಬಗ್ಗೆ ತಮಾಷೆ ಹಾಡು, 'ಮೈ ಓಲ್ಡ್ ಮ್ಯಾನ್ಸ್ ಎ ಡಸ್ಟ್‌ಮನ್'. ಸ್ಕಿಫಲ್ ಪ್ರೇಮಿಗಳು ಮುಖ ಸಿಂಡರಿಸಿದರು. ನನಗೆ ಅದೂ ಇಷ್ಟ, ನಗಿಸುವುದು ಸುಲಭದ ಕೆಲಸ ಅಲ್ಲ.

1962ರ ಹೊತ್ತಿಗೆ ಎಲ್ಲ ಮುಗಿಯಿತು. ತಮ್ಮ ಹಾಡು ಕೇಳಿ ಬೆಳೆದ ಹುಡುಗರೇ ಅವರನ್ನು ಹಿಂದಕ್ಕೆ ಹಾಕಿದರು. ಆದರೆ ಲಾನಿ ಇನ್ನೊಬ್ಬರ ಜೊತೆ ಸೇರಿ ಬರೆದ 'ಐಲ್ ನೆವರ್ ಫಾಲ್ ಇನ್ ಲವ್ ಎಗೇನ್' ಅನ್ನು 1967ರಲ್ಲಿ ಟಾಮ್ ಜೋನ್ಸ್ ಹಾಡಿ ಗೆದ್ದರು. 1976ರಲ್ಲಿ ಹೃದಯಾಘಾತ ಆಯಿತು. ಚೇತರಿಸಿಕೊಂಡ ಮೇಲೆ ಹಳೆಯ ಹಾಡುಗಳನ್ನೇ ಮತ್ತೆ ರೆಕಾರ್ಡ್ ಮಾಡಿದರು. ಆಗ ಜೊತೆಗೆ ನುಡಿಸಲು ಬೀಟಲ್ಸ್‌ನ ರಿಂಗೋ ಸ್ಟಾರ್, ರಾಕ್ ತಾರೆಗಳಾದ ಎಲ್ಟನ್ ಜಾನ್, ಬ್ರಯಾನ್ ಮೇ ಬಂದರು. ಅದು 1978ರ ಆಲ್ಬಮ್. 1998ರಲ್ಲಿ ಬೆಲ್‌ಫಾಸ್ಟ್‌ನಲ್ಲಿ ಗಾಯಕ ವ್ಯಾನ್ ಮಾರಿಸನ್ ಜೊತೆ ಹಾಡಿದಾಗ ವೇದಿಕೆಯ ಮೇಲೆ ಹಳೆಯ ಕ್ರಿಸ್ ಬಾರ್ಬರ್ ಕೂಡ ಇದ್ದರು.

2002ರ ನವೆಂಬರ್ 3ರಂದು, ಊರೂರು ಸುತ್ತಿ ಹಾಡುತ್ತಿದ್ದ ನಡುವೆಯೇ ತೀರಿಕೊಂಡರು. ಆಗ 71 ವರ್ಷ. ಬೀಟಲ್ಸ್‌ನ ಜಾರ್ಜ್ ಹ್ಯಾರಿಸನ್ ನೆನಪಿಗೆ ನಡೆಯಲಿದ್ದ ಕಾರ್ಯಕ್ರಮದಲ್ಲಿ ಅವರೂ ಹಾಡಬೇಕಿತ್ತು.